ವಾತದ ಕಾಲು

೧೯೮೫ನೇ ಇಸವಿ ನವೆಂಬರ್ ಇಪ್ಪತ್ತೈದನೇ ತಾರೀಖು, ಸೋಮವಾರ, ಬೆಳಗ್ಗೆ ಆರು ಗಂಟೆ ಹತ್ತು ನಿಮಿಷಕ್ಕೆ ಹಿಂದೂಪುರದ ಕಾಲೇಜು ಮೈದಾನದಲ್ಲಿ ಕೇಶವನ ಬಲ ಮೊಣಕಾಲು ತಿರುಚಿಕೊಂಡಿತು. ಹೊತ್ತು ಇಷ್ಟು ಖಚಿತವಾಗಿ ಗೊತ್ತಾಗಿದ್ದು ಅವನ ಅಪ್ಪನಿಂದ. ಕಾಲೇಜಿನ ಫುಟ್‌ಬಾಲ್ ಕೋಚ್ ಆಗಿದ್ದ ಸೀತಾರಾಮಪ್ಪ ಕೈಗಡಿಯಾರ ನೋಡಿಕೊಂಡು ಹುಡುಗರನ್ನು ಓಡಿಸುತ್ತಿದ್ದ. ಮಗ ಕೂಗಿಕೊಂಡು ಬಿದ್ದಾಗ ಮೊದಲು ಗಡಿಯಾರ ನೋಡಿದ, ಆಮೇಲೆ ಮಗನನ್ನು ನೋಡಿದ. ಮುಂದೆ ಪದ್ಮಾವತಮ್ಮ ಜಗಳ ಬಂದಾಗಲೆಲ್ಲ ಇದನ್ನೊಂದು ಎತ್ತಿ ಆಡದೆ ಬಿಡಲಿಲ್ಲ.

ಇಬ್ಬರು ಹುಡುಗರು ಕೇಶವನನ್ನು ಸೈಕಲ್ಲಿನ ಮೇಲೆ ಕೂರಿಸಿ ತಳ್ಳಿಕೊಂಡು ನೇಕಾರರ ಬೀದಿಗೆ ಬಂದಾಗ ಪದ್ಮಾವತಮ್ಮ ಬಾಗಿಲಿಗೆ ನೀರು ಹಾಕುತ್ತಿದ್ದಳು. ಮಗನ ಪ್ಯಾಂಟಿನ ಬಲಗಾಲು ಮಂಡಿಯ ಹತ್ತಿರ ಬಿಗಿದು ನಿಂತಿರುವುದು ಅವಳ ಕಣ್ಣಿಗೆ ಮೊದಲು ಬಿತ್ತು.

"ಏನಾಯ್ತ್ಲಾ?"

"ಏನಿಲ್ಲ ಕಣಮ್ಮ. ಉಳುಕು."

"ನಿಮ್ಮಪ್ಪ ಎಲ್ಲಿ?"

"ಪ್ರಾಕ್ಟೀಸು ಮುಗಿಸ್ಕೊಂಡು ಬತ್ತಾರೆ."

ಒಳಗಿನಿಂದ ಮಗ್ಗದ ಸದ್ದು ನಿಂತಿತು. ಸುಬ್ಬರಾಯಪ್ಪ ಮಗ್ಗದಡಿ ಕಾಲಿಳಿಬಿಟ್ಟು ಕೂರುವ ಗುಂಡಿಯಿಂದಲೇ ಕತ್ತೆತ್ತಿ ಮೊಮ್ಮಗನ ಕಾಲನ್ನು ನೋಡಿದ. ಮತ್ತೆ ಲಾಳಿ ಎಸೆದ.

ಆ ಮನೆಯಲ್ಲಿದ್ದವರು ಐದು ಜನ. ಎಪ್ಪತ್ತು ದಾಟಿದರೂ ರೇಷ್ಮೆ ಸೀರೆ ನೇಯುವ ಸುಬ್ಬರಾಯಪ್ಪ; ಪಕ್ಕದಲ್ಲಿ ಕೂತು ಲಾಳಿಯ ಕಂಡಿಕೆಗೆ ನೂಲು ಸುತ್ತುವ ಅವನ ಹೆಂಡತಿ ರಾಮಕ್ಕ; ಅವರ ಒಬ್ಬನೇ ಮಗ ಸೀತಾರಾಮಪ್ಪ; ಸೊಸೆ ಪದ್ಮಾವತಮ್ಮ; ಬಿ.ಎಸ್ಸಿ. ಎರಡನೇ ವರ್ಷದಲ್ಲಿ ಓದುತ್ತಿದ್ದ ಮೊಮ್ಮಗ ಕೇಶವ. ನಡುಮನೆಯ ಅರ್ಧವನ್ನು ಗುಂಡಿ ಮಗ್ಗ ತಿಂದಿತ್ತು. ಉಳಿದರ್ಧದಲ್ಲಿ ಊಟ, ನಿದ್ದೆ, ಪದ್ಮಾವತಮ್ಮನ ಹೊಲಿಗೆ ಮಿಷನ್ನು.

ಹಿಂದೂಪುರದಲ್ಲಿ ಚೆಂಡು ಒದ್ದು ಸಂಬಳ ತಂದವನು ಸೀತಾರಾಮಪ್ಪನೊಬ್ಬನೇ. ಕಲ್ಕತ್ತೆಯ ಒಂದು ಕ್ಲಬ್ಬು ಅವನನ್ನು ಅರವತ್ತೇಳರಲ್ಲಿ ಕರೆಸಿಕೊಂಡಿತ್ತು. ಎಂಟು ವರ್ಷ ಅಲ್ಲಿ ಆಡಿದ. ತಿಂಗಳು ತಿಂಗಳು ಮನಿಯಾರ್ಡರು ಬರುತ್ತಿತ್ತು. ಮನೆಯ ಮಾಡು ಹೋಗಿ ತಾರಸಿ ಬಂದದ್ದು ಆ ದುಡ್ಡಿನಲ್ಲೇ. ಎಪ್ಪತ್ತೈದರಲ್ಲಿ ವಾಪಸು ಬಂದಾಗ ಬಲಗಾಲು ಪೂರ್ತಿ ಮಡಿಸಲು ಬರುತ್ತಿರಲಿಲ್ಲ. ಊಟಕ್ಕೆ ನೆಲದ ಮೇಲೆ ಕೂರುವಂತಿರಲಿಲ್ಲ. ಅವನಿಗೊಂದು ಸ್ಟೂಲು, ಎದುರಿಗೊಂದು ಪೆಟ್ಟಿಗೆ. ಏನಾಯಿತೆಂದು ಕೇಳಿದವರಿಗೆಲ್ಲ ಅವನು ಒಂದೇ ಉತ್ತರ ಕೊಟ್ಟ: "ವಾತ. ಆ ಊರಿನ ನೀರು ಒಗ್ಗಲಿಲ್ಲ."

ವಾತ ಅಂದಮೇಲೆ ಪಥ್ಯ. ಬದನೇಕಾಯಿ ನಿಂತಿತು, ಆಲೂಗಡ್ಡೆ ನಿಂತಿತು, ಅವರೇಕಾಯಿ ನಿಂತಿತು. ಸುತ್ತ ಎತ್ತ ನೋಡಿದರೂ ಕಡಲೇಕಾಯಿ ಬೆಳೆಯುವ ಸೀಮೆಯಲ್ಲಿ ಕಡಲೇಕಾಯಿ ಚಟ್ನಿ ಅರೆಯದ ಮನೆ ಅದೊಂದೇ ಆಯಿತು. ಮೊದಲೊಂದಷ್ಟು ದಿನ ಪದ್ಮಾವತಮ್ಮ ಗಂಡನಿಗೊಂದು ಸಾರು, ಮಿಕ್ಕವರಿಗೊಂದು ಸಾರು ಮಾಡಿದಳು. "ಸೌದೆ ಏನು ಪುಕ್ಕಟೆ ಬತ್ತದಾ? ಅವನು ತಿನ್ನದ್ದು ನಮಗೂ ಬ್ಯಾಡ ಬಿಡು," ಎಂದು ರಾಮಕ್ಕ ತೀರ್ಮಾನ ಮಾಡಿದಳು. ಅಲ್ಲಿಂದ ಹತ್ತು ವರ್ಷ ಇಡೀ ಮನೆ ಹೆಸರುಬೇಳೆ, ಹೀರೇಕಾಯಿ, ಮೆಣಸಿನ ಸಾರಿನಲ್ಲಿ ಮುದ್ದೆ ನುಂಗಿತು. ಅವರೇಕಾಯಿ ಕಾಲದಲ್ಲಿ ಅಕ್ಕಪಕ್ಕದ ಮನೆಗಳಿಂದ ವಾಸನೆ ಬಂದರೆ ರಾಮಕ್ಕ ಎದ್ದು ಹೋಗಿ ಕಿಟಕಿ ಮುಚ್ಚುತ್ತಿದ್ದಳು.

ಆವತ್ತು ಮಧ್ಯಾಹ್ನ ಡಾಕ್ಟರು ಕೇಶವನ ಮಂಡಿಗೆ ಸಿರಿಂಜು ಚುಚ್ಚಿ ನೀರು ತೆಗೆದರು. ಒಳಗಿನ ನಾರು ಹರಿದಿದೆ ಅಂದರು. ಎರಡು ತಿಂಗಳು ಚೆಂಡು ಮುಟ್ಟಬಾರದು, ಆಮೇಲೂ ನೋಡಿಯೇ ಹೇಳಬೇಕು ಅಂದರು. ಪದ್ಮಾವತಮ್ಮನ ಕೊರಳಲ್ಲಿ ಟೇಪು ನೇತಾಡುತ್ತಿತ್ತು. ರವಿಕೆ ಹೊಲಿಯುವುದನ್ನು ಅರ್ಧಕ್ಕೆ ಬಿಟ್ಟು ಬಂದಿದ್ದಳು.

"ಇದರಲ್ಲೇ ದಿನಾ ಸಂಜೆ ಅಳೀರಿ ಅಮ್ಮಾ," ಅಂದರು ಡಾಕ್ಟರು. "ಎರಡೂ ಮಂಡಿ ಒಂದೇ ಅಳತೆಗೆ ಬರೋವರೆಗೂ ಓಡಿಸಬೇಡಿ."

ಸಂಜೆ ಮನೆಯಲ್ಲಿ ಅಳೆದಳು. ಎಡಗಾಲು ಹದಿಮೂರೂವರೆ ಇಂಚು, ಬಲಗಾಲು ಹದಿನೈದು. ಸೀತಾರಾಮಪ್ಪ ಸ್ಟೂಲಿನ ಮೇಲೆ ಕೂತು ನೋಡುತ್ತಿದ್ದ.

"ನಿಮ್ಮದೂ ಒಂದ್ಸಲ ನೋಡೋಣ ಕೊಡಿ," ಎಂದು ಅವಳು ಟೇಪು ಹಿಡಿದು ಅವನ ಕಡೆ ತಿರುಗಿದಳು.

ಅವನು ಲುಂಗಿ ಕೆಳಕ್ಕೆ ಎಳೆದುಕೊಂಡ. "ವಾತದ ಕಾಲಿಗೆ ಅಳತೆ ಎಂಥದು?"

*

ಡಿಸೆಂಬರ್ ಮೊದಲ ವಾರ ಕಲ್ಯಾಣದುರ್ಗದಲ್ಲಿ ಕಾಲೇಜುಗಳ ಪಂದ್ಯ. ಹಿಂದೂಪುರದ ಟೀಮು ಸೆಮಿಫೈನಲ್ಲಿಗೆ ಬಂದದ್ದು ಅದೇ ಮೊದಲು. ಕಲ್ಯಾಣದುರ್ಗ ಪದ್ಮಾವತಮ್ಮನ ತವರು. ಅಲ್ಲಿ ಅವಳ ಅಣ್ಣ ಮುತ್ಯಾಲಪ್ಪ ಎರಡು ಜೀಪು ಇಟ್ಟುಕೊಂಡು ಸೆಟ್ಟೂರಿನ ಕಡೆಗೆ ಜನ ತುಂಬಿಸಿ ಓಡಿಸುತ್ತಿದ್ದ. ಕೇಶವ ಆಡುವುದಿಲ್ಲ, ಸುಮ್ಮನೆ ಜೊತೆಗೆ ಬರುತ್ತಾನೆ ಎಂದು ಗಂಡ ಹೇಳಿದ್ದ. ಆದರೂ ಅವಳು, "ನಾನೂ ಬತ್ತೀನಿ. ಅಣ್ಣನ್ನ ನೋಡಿ ವರ್ಷ ಆಯ್ತು," ಎಂದು ಹೊರಟಳು.

ಆಟ ನೋಡಲು ಅವಳು ಹೋಗಲಿಲ್ಲ. ಹೆಂಗಸರು ಹೋಗುವ ಜಾಗವಲ್ಲ ಅದು. ಅತ್ತಿಗೆ ನಾಗಕ್ಕನ ಜೊತೆ ಹಜಾರದಲ್ಲಿ ಕೂತು ಅವರೇಕಾಳು ಹಿದುಕುತ್ತಿದ್ದಳು. ನೆನೆದ ಕಾಳು ಬೆರಳ ನಡುವೆ ಜಾರಿ ಸಿಪ್ಪೆ ಬಿಟ್ಟು ಬಟ್ಟಲಿಗೆ ಹಾರುವುದು ಅವಳಿಗೆ ಮರೆತೇ ಹೋಗಿತ್ತು. ಸಂಜೆ ಐದಕ್ಕೆ ಮುತ್ಯಾಲಪ್ಪ ಕೂಗುತ್ತಲೇ ಬಂದ.

"ಪದ್ದಮ್ಮಾ! ನಿನ್ನ ಮಗ ಗೋಲು ಹೊಡೆದ್ಬುಟ್ಟ! ಅಬ್ಬಬ್ಬಾ, ಏಮಿ ಆಟ, ಏಮಿ ಆಟ!"

"ಅವನು ಆಡಲ್ಲ ಅಂದಿದ್ರಲ್ಲ?"

"ಕೊನೇಲಿ ಒಂಚೂರು ಇಳಿಸಿದ್ರು. ಗೆದ್ಬುಟ್ವಿ. ಮುಂದಿನ ವಾರ ಇಲ್ಲೇ ಫೈನಲ್ಲು!"

ಹಿಂದೆಯೇ ಕೇಶವ ಗೆಳೆಯನ ಹೆಗಲು ಹಿಡಿದು ಒಳಗೆ ಬಂದ. ನಗುತ್ತಿದ್ದ. ಕೂತಮೇಲೆ ಆ ನಗು ಉಳಿಯಲಿಲ್ಲ. ಅವಳು ಟೇಪು ತೆಗೆದಳು. ಹದಿನೈದೂಮುಕ್ಕಾಲು.

ಊಟಕ್ಕೆ ಎಲೆ ಹಾಕಿದರು. ಸೀತಾರಾಮಪ್ಪನಿಗೆ ಅಲ್ಲೂ ಒಂದು ಸ್ಟೂಲು. ನಾಗಕ್ಕ ಹಿದುಕಿದ ಬೇಳೆ ಸಾರಿನ ಪಾತ್ರೆ ತಂದಾಗ ಅವನು ಎಲೆಗೆ ಕೈ ಅಡ್ಡ ಹಿಡಿದ. "ನಂಗೆ ಬ್ಯಾಡಮ್ಮ, ಮಜ್ಜಿಗೆ ಸಾಕು. ಪಥ್ಯ."

"ಬಾವಾ," ಅಂದ ಮುತ್ಯಾಲಪ್ಪ, ತುತ್ತು ನುಂಗುತ್ತ, "ಫೈನಲ್ಲಿಗೆ ಹುಡುಗನ್ನ ಹೆಂಗೆ ಆಡಿಸ್ತೀಯ? ಕಾಲು ಹಿಂಗೈತಲ್ಲ."

"ಆಡ್ತಾನೆ. ಬೆಂಗಳೂರಿನ ಒಂದು ಕಾರ್ಖಾನೆ ಟೀಮಿನೋರು ನೋಡೋಕೆ ಬತ್ತಾರೆ. ಅವರ ಕಣ್ಣಿಗೆ ಬಿದ್ರೆ ಕೆಲಸ. ಪರ್ಮನೆಂಟು."

"ಅದಲ್ಲಯ್ಯಾ, ನೋವು?"

"ಅದಕ್ಕೆ ಸೂಜಿ ಐತೆ. ಇಲ್ಲೇ ಒಬ್ಬ ಕಾಂಪೌಂಡರ್ ಹತ್ರ ಮಾತಾಡಿದ್ದೀನಿ. ಆಟಕ್ಕೆ ಮುಂಚೆ ಮಂಡಿಯೊಳಕ್ಕೆ ಕೊಟ್ರೆ ಸಂಜೆವರೆಗೂ ಕಾಲು ಐತೆ ಅನ್ನೋದೇ ಗೊತ್ತಾಗಲ್ಲ. ಕಲ್ಕತ್ತಾದಲ್ಲಿ ನಂಗೇನು ಕಮ್ಮಿ ಕೊಟ್ರಾ? ಒಂದು ಸೀಸನ್ನಿಡೀ ಸೂಜಿ ಮೇಲೇ ಆಡಿದೀನಿ."

ಪದ್ಮಾವತಮ್ಮ ಅನ್ನದ ತಪ್ಪಲೆ ಹಿಡಿದು ನಿಂತಿದ್ದಳು.

"ಯಾವ ಕಾಲಿಗೆ?"

ಸೀತಾರಾಮಪ್ಪ ಕತ್ತೆತ್ತಿದ. ಅವಳು ಅಲ್ಲಿರುವುದನ್ನು ಅವನು ಮರೆತಿದ್ದ.

"ಯಾವ ಕಾಲಿಗೆ ಕೊಟ್ರು ಅಂತ ಕೇಳ್ದೆ."

"ಇದಕ್ಕೇ," ಅಂದ ಅವನು. ಸುಳ್ಳು ಹೇಳಲು ಹೊತ್ತು ಸಿಗಲಿಲ್ಲ.

ಕೇಶವ ಎಲೆಯ ಮೇಲಿನ ಅನ್ನವನ್ನು ಒಂದು ಕಡೆಗೆ ಒತ್ತಿದ. ಪದ್ಮಾವತಮ್ಮ ತಪ್ಪಲೆ ಕೆಳಗಿಟ್ಟು, ನಾಗಕ್ಕನ ಕೈಯಿಂದ ಸಾರಿನ ಪಾತ್ರೆ ತೆಗೆದುಕೊಂಡು, ಗಂಡನ ಎಲೆಗೆ ಎರಡು ಸೌಟು ತುಂಬಾ ಬಡಿಸಿದಳು.

"ತಿನ್ನಿ. ವಾತ ಅಲ್ವಲ್ಲ."

ಸೀತಾರಾಮಪ್ಪ ಎಲೆಯನ್ನು ಅಷ್ಟಕ್ಕೇ ಬಿಟ್ಟು ಎದ್ದು ಕೈ ತೊಳೆದುಕೊಂಡ. ಕಾಲು ಚಾಚಿ ಚಾಚಿ ಮೆಟ್ಟಿಲು ಇಳಿದು ಹುಡುಗರು ಉಳಿದಿದ್ದ ಸ್ಕೂಲಿನ ಕಡೆ ಹೋದ.

*

ಹಿಂದೂಪುರಕ್ಕೆ ಬಂದ ಮರುದಿನ ಪದ್ಮಾವತಮ್ಮ ಅತ್ತೆಗೆ ವಿಷಯ ಹೇಳಿದಳು. ರಾಮಕ್ಕನ ಕೈಯಲ್ಲಿ ತಿರುಗುತ್ತಿದ್ದ ರಾಟೆ ನಿಂತಿತು. ಅವಳಿಗೆ ಸೂಜಿ ಅರ್ಥವಾಗಲಿಲ್ಲ, ನಾರು ಹರಿಯುವುದು ಅರ್ಥವಾಗಲಿಲ್ಲ. ವಾತವಲ್ಲ ಅನ್ನುವುದೊಂದು ಅರ್ಥವಾಯಿತು.

"ಲೋ ಸೀತಾರಾಮ! ಬಾರೋ ಇಲ್ಲಿ! ಹತ್ತು ವರ್ಷ ಬದನೇಕಾಯಿ ಮುಟ್ಟಲಿಲ್ಲ ಕಣೋ ನಾನು! ನನ್ನ ಹಲ್ಲೆಲ್ಲ ಉದುರಿ ಹೋದ್ವು ಈ ಮಧ್ಯದಾಗೆ. ಇನ್ನು ಕಡ್ಲೇಕಾಯಿ ಕೊಟ್ರೂ ಅಗಿಯೋಕೆ ಆಗ್ತದೇನೋ?"

"ಅಮ್ಮಾ, ಆಗ ಯಾರ್‌ಗೆ ಏನ್ ಹೇಳ್ಲಿ? ಕಾಲು ಕೆಟ್ಟೋನು ಅಂದ್ರೆ ಯಾವ ಕಾಲೇಜು ಕೆಲಸ ಕೊಡ್ತಿತ್ತು? ಈಗ್ಲೂ ನಂದು ಟೆಂಪರರಿನೇ."

"ಕಾಲೇಜಿಗೆ ಸುಳ್ಳು ಹೇಳು. ಮನೇಲಿ ಸಾರಿಗೇನು ಬಂದಿತ್ತು?"

ಸುಬ್ಬರಾಯಪ್ಪ ಗುಂಡಿಯೊಳಗಿಂದ ನಕ್ಕುಬಿಟ್ಟ. ಅದು ಸೀತಾರಾಮಪ್ಪನಿಗೆ ತಾಗಿತು.

"ನಗು, ನಗು. ಈ ತಾರಸಿ ಕೆಳಗೆ ಕೂತ್ಕೊಂಡೇ ನಗ್ತಿದ್ದೀಯ. ಈ ಕಾಲಿನ ದುಡ್ಡು ಅದು."

"ನಾನು ಕೇಳಿದ್ನೇನಪ್ಪಾ ತಾರಸಿ? ಮಾಡು ಸೋರ್ತಿದ್ರೂ ಮಗ್ಗದ ಹಾಸು ನೆನೀದಂಗೆ ನೇಯ್ತಿದ್ದೆ."

ಅಪ್ಪ ಮಗ ಇಷ್ಟು ಮಾತಾಡಿದ್ದು ಬಹಳ ದಿನಗಳ ಮೇಲೆ. ಅವರ ನಡುವೆ ಮುರಿದಿದ್ದು ಅರವತ್ತೇಳರಲ್ಲಿ, ಒಂದು ಕೆಚ್ಚಿನ ಮೇಲೆ. ಸೀರೆ ನೇಯ್ದು ಮುಗಿಯುವಾಗ ಹಳೆಯ ಹಾಸಿನ, ಅಂದರೆ ಉದ್ದನೆಯ ಎಳೆಗಳ, ತುದಿಯನ್ನು ಮಗ್ಗದ ಅಚ್ಚಿನಲ್ಲೇ ಉಳಿಸಿಕೊಂಡು, ಹೊಸ ಹಾಸಿನ ಒಂದೊಂದು ಎಳೆಯನ್ನೂ ಅದರ ಒಂದೊಂದು ಎಳೆಗೆ ಬೂದಿ ಮುಟ್ಟಿದ ಬೆರಳಿನಲ್ಲಿ ಹೊಸೆದು ಸೇರಿಸುತ್ತಾರೆ. ಅದಕ್ಕೆ ಕೆಚ್ಚು ಅನ್ನುತ್ತಾರೆ. ಸಾವಿರಾರು ಎಳೆ, ಇಬ್ಬರು ಎದುರುಬದುರು ಕೂತು, ಒಬ್ಬರು ಎಳೆ ಎತ್ತಿಕೊಡುತ್ತ ಇನ್ನೊಬ್ಬರು ಹೊಸೆಯುತ್ತ ಹೋದರೂ ಒಂದೂವರೆ ದಿನದ ಕೆಲಸ. ಒಬ್ಬರ ಹೊಸೆತ ಬಿಗಿ, ಇನ್ನೊಬ್ಬರದು ಸಡಿಲ. ನಡುವೆ ಕೈ ಬದಲಾದರೆ ಹಾಸು ಎಳೆಯುವಾಗ ಪಟಪಟನೆ ಕಿತ್ತುಕೊಳ್ಳುತ್ತದೆ. ಅದಕ್ಕೇ ಆ ಮನೆಯಲ್ಲೊಂದು ಕಟ್ಟಳೆ ಇತ್ತು. ಮೊದಲ ಎಳೆ ಹೊಸೆದ ಕೈಯೇ ಕೊನೆಯ ಎಳೆಯನ್ನೂ ಹೊಸೆಯಬೇಕು. ಅಲ್ಲಿಯವರೆಗೆ ಅವನು ಬೀದಿಗೆ ಇಳಿಯುವಂತಿಲ್ಲ. ಸುಬ್ಬರಾಯಪ್ಪನ ತಮ್ಮ ತೀರಿಕೊಂಡಾಗಲೂ ಸುದ್ದಿ ತಂದವರು ಕೆಚ್ಚು ಮುಗಿಯುವವರೆಗೆ ಜಗಲಿಯ ಮೇಲೆ ಕಾದಿದ್ದರು.

ಸೀತಾರಾಮಪ್ಪ ಕಾಯಲಿಲ್ಲ. ಕಲ್ಕತ್ತೆಯಿಂದ ತಂತಿ ಬಂದಾಗ ಅರ್ಧ ಕೆಚ್ಚಿದ ಹಾಸು ಬಿಟ್ಟು, ಬೂದಿ ಕೈಯಲ್ಲೇ ಪೆಟ್ಟಿಗೆ ಹಿಡಿದು ರೈಲು ಹತ್ತಿದ. ಆಗ ಕೇಶವ ಇನ್ನೂ ತೊಟ್ಟಿಲಲ್ಲಿದ್ದ. ಉಳಿದರ್ಧವನ್ನು ಸುಬ್ಬರಾಯಪ್ಪನೇ ಕೆಚ್ಚಿದ. ಆ ಸೀರೆಯಲ್ಲಿ ಕಿತ್ತ ಎಳೆಗಳು ಎಷ್ಟಿದ್ದವೆಂದರೆ ನೂಲು ಕೊಟ್ಟು ನೇಯಿಸುವ ಸಾವ್ಕಾರ ಅದನ್ನು ಮುಟ್ಟಲಿಲ್ಲ. ಆಮೇಲೆ ಮುದುಕ ಮಗನನ್ನು ಮಗ್ಗದ ಹತ್ತಿರ ಕರೆಯಲಿಲ್ಲ. ಕರೆದರೂ ಗುಂಡಿಗೆ ಇಳಿಯಲು ಮಗನಿಗೆ ಕಾಲಿರಲಿಲ್ಲ.

ಆ ವಾರ ಪದ್ಮಾವತಮ್ಮ ಒಬ್ಬೊಬ್ಬರನ್ನೇ ಹಿಡಿದು ಮಾತಾಡಿದಳು. ಮೊದಲು ಗಂಡನನ್ನು, ಅವನು ಬೂಟಿಗೆ ಎಣ್ಣೆ ಹಚ್ಚುತ್ತಿದ್ದಾಗ.

"ಡಾಕ್ಟ್ರು ಓಡಿಸ್ಬೇಡಿ ಅಂದವ್ರೆ."

"ಡಾಕ್ಟ್ರು ಹಂಗೇ ಹೇಳೋದು. ಅವರು ಯಾವತ್ತಾದ್ರೂ ಆಡಿದಾರಾ?"

"ನೀವು ಆಡಿದ್ದೀರಲ್ಲ. ನಿಮ್ಮ ಕಾಲು ನೋಡಿದ್ರೆ ಸಾಲ್ದಾ?"

"ನನ್ನ ಕಾಲಿಗೇನಾಗೈತೆ? ನಡೀತೀನಿ, ಉಂಡುಡ್ತೀನಿ. ನಾನು ಮಗ್ಗದ ಗುಂಡೀಲಿ ಹುಟ್ಟಿದೋನು ಕಣೇ. ಅದರಿಂದ ಆಚೆಗೆ ಬಂದಿದ್ದು ಈ ಕಾಲಿಂದ. ಅವನಿಗೂ ಒಂದು ಸಲ, ಒಂದೇ ಒಂದು ಆಟ. ಆಮೇಲೆ ಜೀವಮಾನಪೂರ್ತಿ ಸಂಬಳ."

ಅವನು ಹೇಳುವುದರಲ್ಲಿ ಪೂರ್ತಿ ಸುಳ್ಳಿಲ್ಲ ಎಂದು ಅವಳಿಗೆ ಗೊತ್ತಿತ್ತು. ಅದರಿಂದಲೇ ಗಡಿಯಾರದ ಮಾತು ಎತ್ತಿದಳು. ಅವನು ಬೂಟು ಕೆಳಗಿಟ್ಟು ಎದ್ದು ಹೋದ.

ಆಮೇಲೆ ಮಗನನ್ನು, ಸಂಜೆ ಮಂಡಿ ಅಳೆಯುವಾಗ.

"ನಿಂಗೆ ಆಡೋಕೆ ಇಷ್ಟ ಐತೇನ್ಲಾ?"

"ಐತೆ."

"ಸೂಜಿ ಹಾಕ್ಸಿಕೊಂಡೂ?"

ಕೇಶವ ಟೇಪಿನ ತುದಿ ಹಿಡಿದುಕೊಂಡ. "ಅಪ್ಪ ಕಕ್ಕಸಿಗೆ ಹೋಗೋಕೆ ಆ ತೂತಿನ ಕುರ್ಚಿ ತಗೊಂಡು ಹೋಗೋದನ್ನ ಚಿಕ್ಕೋನಿಂದ ನೋಡಿದೀನಿ ಕಣಮ್ಮ. ವಾತ ಅಂದ್ಕೊಂಡಿದ್ದೆ. ವಾತ ಯಾರಿಗಾದ್ರೂ ಬತ್ತದೆ ಅಂತ."

"ಹಂಗಾದ್ರೆ ಬ್ಯಾಡ ಅನ್ನು."

"ಹೆಂಗನ್ಲಿ? ಫೀಲ್ಡಲ್ಲಿ ಸಾರ್ ಅಂತೀನಿ, ಮನೇಲಿ ಅಪ್ಪ ಅಂತೀನಿ. ಎರಡು ಕಡೇನೂ ಅವರೇ ಅವ್ರೆ. ಬ್ಯಾಡ ಅಂತ ಎಲ್ಲಿ ನಿಂತ್ಕೊಂಡು ಹೇಳ್ಲಿ?"

ಟೇಪು ಹದಿನೈದೂಕಾಲು ತೋರಿಸುತ್ತಿತ್ತು.

ಕೊನೆಗೆ ಮಾವನ ಹತ್ತಿರ ಹೋದಳು. ಸುಬ್ಬರಾಯಪ್ಪ ಅವತ್ತು ನೇಯ್ದು ಮುಗಿದ ಸೀರೆಯನ್ನು ಮಗ್ಗದಿಂದ ಕೊಯ್ದಿದ್ದ. ಸಾವ್ಕಾರನ ಮನೆಯಿಂದ ಹೊಸ ಹಾಸು ಬಂದು ಮೂಲೆಯಲ್ಲಿ ಬಿಳಿ ಬಟ್ಟೆ ಹೊದ್ದು ಕೂತಿತ್ತು.

"ಮಾವ, ನೀವಾದ್ರೂ ಒಂದು ಮಾತು ಹೇಳಿ."

"ನನ್ನ ಮಾತನ್ನ ಅವನು ಕೇಳಿದ್ದು ಅರವತ್ತೇಳರವರೆಗೆ ಕಣಮ್ಮ. ಈಗ ನಾನು ಬ್ಯಾಡ ಅಂದ್ರೆ ಬೇಕು ಅಂತ್ಲೇ ಆಡಿಸ್ತಾನೆ." ಮುದುಕ ಹಾಸಿನ ಕಡೆ ನೋಡಿದ. "ಸೋಮವಾರ ರಾಮಲಿಂಗಯ್ಯ ಕೂಲಿಗೆ ಕೆಚ್ಚೋಕೆ ಬತ್ತಾನೆ. ಅಷ್ಟರೊಳಗೆ ಆಟಾನೂ ಮುಗಿದಿರ್ತದೆ. ಏನಾಗ್ತದೋ ಆಗ್ಲಿ."

ಕೇಶವ ಮಿಷನ್ನಿನ ಪಕ್ಕ ಕಾಲು ಚಾಚಿ ಕೂತು ಕೆಮಿಸ್ಟ್ರಿ ಪುಸ್ತಕ ಓದುತ್ತಿದ್ದ. ಹಾಳೆ ಮಗುಚುವುದು ನಿಂತಿದ್ದನ್ನು ಅವಳು ಗಮನಿಸಲಿಲ್ಲ.

*

ಫೈನಲ್ಲು ಭಾನುವಾರ. ಟೀಮು ಶನಿವಾರ ಬೆಳಗ್ಗೆ ಎಂಟೂವರೆಯ ಬಸ್ಸಿಗೆ ಹೊರಡಬೇಕು. ಏಳಕ್ಕೆ ಪದ್ಮಾವತಮ್ಮ ದಾರಿಗೆಂದು ಚಿತ್ರಾನ್ನ ಕಲಸುತ್ತಿದ್ದಳು. ಇಬ್ಬರದನ್ನೂ ಒಂದೇ ಡಬ್ಬಿಗೆ ತುಂಬಿದಳು. ಮಗನ ಜೊತೆ ಹೋಗಿ ಕಾಂಪೌಂಡರನ ಮನೆಯ ಮುಂದೆ ಕೂತುಬಿಡುವುದೆಂದು ರಾತ್ರಿ ಅಂದುಕೊಂಡಿದ್ದಳು. ಬೆಳಗ್ಗೆ ಅದು ಆಗದ ಮಾತು ಅನ್ನಿಸಿತ್ತು.

ಸೀತಾರಾಮಪ್ಪ ಸ್ನಾನ ಮುಗಿಸಿ, ಬಿಳಿ ಪ್ಯಾಂಟು ಹಾಕಿಕೊಂಡು, ಚೀಲ ಹೆಗಲಿಗೇರಿಸಿ ನಡುಮನೆಗೆ ಬಂದ. "ಕೇಶವಾ, ಬೂಟು ತಗೊಂಡ್ಯಾ?"

ಉತ್ತರ ಮಗ್ಗದ ಹಿಂದಿನಿಂದ ಬಂತು. "ಇಲ್ಲ."

ಪದ್ಮಾವತಮ್ಮ ಡಬ್ಬಿ ಹಿಡಿದೇ ಬಾಗಿಲಿಗೆ ಬಂದಳು. ಹೊಸ ಹಾಸು ಬಿಚ್ಚಿತ್ತು. ಕೇಶವ ತಲೆಗೆ ನೀರು ಹಾಕಿಕೊಂಡು, ಹಣೆಗೆ ವಿಭೂತಿ ಹಚ್ಚಿಕೊಂಡು ಹಲಗೆಯ ಮೇಲೆ ಕೂತಿದ್ದ. ಬಲಗಾಲು ಮಡಿಸಿದ ಗೋಣಿಚೀಲದ ಮೇಲೆ ಉದ್ದಕ್ಕೆ ಚಾಚಿತ್ತು. ಪಕ್ಕದಲ್ಲಿ ಬೂದಿಯ ತಟ್ಟೆ. ಎದುರಿಗೆ ಸುಬ್ಬರಾಯಪ್ಪ ಎಳೆ ಎತ್ತಿಕೊಡುತ್ತಿದ್ದ. ಅಂಚಿನ ಎಳೆಗಳು ಬೆರಳಗಲದಷ್ಟು ಆಗಲೇ ಸೇರಿದ್ದವು.

"ಏನೋ ಇದು?"

"ಕೆಚ್ಚಿಗೆ ಕೂತಿದೀನಿ ಅಪ್ಪ."

ಸೀತಾರಾಮಪ್ಪ ಅಪ್ಪನ ಕಡೆ ತಿರುಗಿದ. "ಇದು ನಿನ್ನ ಕೆಲಸಾನಾ?"

"ನಾನು ಕರೀಲಿಲ್ಲ ಕಣಪ್ಪ," ಅಂದ ಸುಬ್ಬರಾಯಪ್ಪ. ಅವನ ಧ್ವನಿಯಲ್ಲಿ ಗೆಲುವೇನೂ ಇರಲಿಲ್ಲ. ಸ್ವಲ್ಪ ಗಾಬರಿಯೇ ಇತ್ತು. "ನಾನು ಎದ್ದು ಬರೋ ಹೊತ್ಗೆ ಬಟ್ಟೆ ತೆಗೆದು ಮೊದಲ್ನೇ ಎಳೆ ಹೊಸೆದ್ಬುಟ್ಟಿದ್ದ. ಇನ್ನೇನ್ ಮಾಡ್ಲಿ? ಎದುರು ಕೂತೆ."

"ಏಳೋ ಕೇಶವ. ಬಸ್ಸು ಹೋಗ್ತದೆ."

ಕೇಶವ ಏಳಲಿಲ್ಲ. ತಲೆಯನ್ನೂ ಎತ್ತಲಿಲ್ಲ. ತಾತ ಕೊಟ್ಟ ಎಳೆಯನ್ನು ಹಳೆಯ ಎಳೆಗೆ ಸೇರಿಸಿ, ಬೂದಿ ಮುಟ್ಟಿ, ಹೆಬ್ಬೆರಳಿನಲ್ಲಿ ಹೊಸೆದ. ಅವನ ಕಿವಿ ಕೆಂಪಾಗಿತ್ತು.

"ಎಳೆ ಹಿಡಿದಿದೀನಿ ಅಪ್ಪ. ನೀನೇ ಎದ್ದೇಳು ಅಂದ್ರೆ ಏಳ್ತೀನಿ. ಇನ್ನೊಂದ್ಸಲ ಅನ್ನು."

ರಾಮಕ್ಕ ಒಲೆಯ ಮುಂದಿನಿಂದ ಎದ್ದು ಬಂದು ಸೊಸೆಯ ಬೆನ್ನ ಹಿಂದೆ ನಿಂತಳು. ಬೀದಿಯಲ್ಲಿ ಹುಡುಗರು ಸೈಕಲ್ ಬೆಲ್ಲು ಹೊಡೆದು, "ಸಾರ್!" ಎಂದು ಕೂಗಿದರು.

ಸೀತಾರಾಮಪ್ಪ ಬಾಯಿ ತೆರೆದ. ಅವನ ಕಣ್ಣು ಹಾಸಿನ ಮೇಲಿತ್ತು, ಆಮೇಲೆ ಗೋಣಿಚೀಲದ ಮೇಲಿನ ಕಾಲಿಗೆ ಬಂತು. ಪದ್ಮಾವತಮ್ಮ ಡಬ್ಬಿಯನ್ನು ಎರಡು ಕೈಯಲ್ಲಿ ಒತ್ತಿ ಹಿಡಿದಿದ್ದಳು; ಅದರ ಬಿಸಿ ಅಂಗೈ ಸುಡುತ್ತಿತ್ತು.

"ಆ ಕೊನೇ ಎಳೆ ಸಡ್ಲ ಐತೆ," ಅಂದ ಸೀತಾರಾಮಪ್ಪ. "ಇನ್ನೂ ಒಂದು ಸುತ್ತು ಹೊಸಿ."

ಕೇಶವ ಆ ಎಳೆಯನ್ನು ಬಿಚ್ಚಿ ಮತ್ತೆ ಹೊಸೆದ.

ಸೀತಾರಾಮಪ್ಪ ಹೆಂಡತಿಯ ಕೈಯಿಂದ ಡಬ್ಬಿ ತೆಗೆದುಕೊಂಡ. ಅದು ಇಬ್ಬರದೆಂದು ಅವಳು ಹೇಳಲಿಲ್ಲ. ಅವನು ಹೊಸಿಲು ದಾಟಿ, ಮೊದಲು ಬಲಗಾಲು ಇಳಿಸಿ, ಆಮೇಲೆ ಎಡಗಾಲು ಇಳಿಸಿ, ಹುಡುಗರ ಜೊತೆ ಹೋದ.

ಭಾನುವಾರ ಮಧ್ಯಾಹ್ನ ಕೆಚ್ಚು ಮುಗಿಯಿತು. ಅದೇ ಸಂಜೆ ಕಲ್ಯಾಣದುರ್ಗದಲ್ಲಿ ಹಿಂದೂಪುರದ ಟೀಮು ಮೂರು ಗೋಲಿನಿಂದ ಸೋತಿತು. ಕಾರ್ಖಾನೆಯವರು ಬಂದಿದ್ದರು, ಗೆದ್ದ ಟೀಮಿನ ಒಬ್ಬ ಹುಡುಗನ ವಿಳಾಸ ಬರೆದುಕೊಂಡು ಹೋದರು. ಸೋಮವಾರ ರಾಮಲಿಂಗಯ್ಯ ಬಂದು, ಆಗಿಹೋದ ಕೆಲಸ ನೋಡಿ, ಕಾಫಿ ಕುಡಿದು, "ನಮ್ಮ ಕೂಲಿಗೆ ಕಲ್ಲು ಹಾಕಿದ್ಯಲ್ಲಯ್ಯಾ ಬಿ.ಎಸ್ಸಿ.," ಎಂದು ಕೇಶವನ ಬೆನ್ನು ತಟ್ಟಿ ಹೋದ.

*

ಆಮೇಲಿನ ನಾಲ್ಕು ವಾರ ಮನೆಯಲ್ಲಿ ಮತ್ತೆ ಎರಡು ಸಾರು ನಡೆಯಿತು. ರಾಮಕ್ಕ ಮಾರನೇ ದಿನವೇ ಸಂತೆಯಿಂದ ಬದನೇಕಾಯಿ, ಅವರೇಕಾಯಿ, ಎರಡು ಸೇರು ಕಡಲೇಕಾಯಿ ತರಿಸಿದಳು. ಕಡಲೇಕಾಯಿಯನ್ನು ಒರಳಲ್ಲಿ ಕುಟ್ಟಿಸಿ ಪುಡಿ ಮಾಡಿ ತಿಂದಳು. ಸೀತಾರಾಮಪ್ಪ ಮಾತ್ರ ಪಥ್ಯ ಬಿಡಲಿಲ್ಲ. ಸ್ಟೂಲಿನ ಮೇಲೆ ಕೂತು, "ನಂಗೆ ಹೆಸರುಬೇಳೆ," ಅನ್ನುತ್ತಿದ್ದ. ಪದ್ಮಾವತಮ್ಮ ಮೊದಲೆರಡು ದಿನ, "ಇನ್ನೂ ಯಾತಕ್ಕೆ?" ಎಂದು ಕೇಳಿದಳು. ಆಮೇಲೆ ಕೇಳದೆ ಚಿಕ್ಕ ಪಾತ್ರೆಯಲ್ಲಿ ಬೇರೆ ಮಾಡಿಟ್ಟಳು.

ಅಪ್ಪ ಮಗನ ನಡುವೆ ಬೇಕಾದಷ್ಟೇ ಮಾತು. ನೀರು ಬಂತಾ, ಪರೀಕ್ಷೆ ಯಾವತ್ತು, ಸೈಕಲ್ಲಿಗೆ ಗಾಳಿ ಹಾಕಿಸು. ಸಂಜೆ ಟೇಪು ಹಿಡಿದಾಗ ಸೀತಾರಾಮಪ್ಪ ಪೇಪರು ಓದುತ್ತಿದ್ದ. ಅಂಕಿ ಹೇಳುವವರೆಗೆ ಪುಟ ತಿರುಗಿಸುತ್ತಿರಲಿಲ್ಲ. ಪ್ರಿನ್ಸಿಪಾಲರು ಅವನ ಕೆಲಸವನ್ನು ಇನ್ನೊಂದು ವರ್ಷಕ್ಕೆ ಮುಂದುವರಿಸಿದರು, ಟೆಂಪರರಿ ಎಂದೇ.

ಸಂಕ್ರಾಂತಿ ಬಂತು. ಬೆಳಗ್ಗೆ ಎಳ್ಳುಬೆಲ್ಲ, ಬೇಯಿಸಿದ ಕಡಲೇಕಾಯಿ, ಕಬ್ಬು. ಮಧ್ಯಾಹ್ನಕ್ಕೆ ಪದ್ಮಾವತಮ್ಮ ಹಿದುಕಿದ ಬೇಳೆ ಸಾರು ಮಾಡಿದಳು. ಕಾಳು ಹಿದುಕಲು ಈ ಸಲ ಸುಬ್ಬರಾಯಪ್ಪನೂ ಕೂತ. ಎಳೆ ಹೊಸೆಯುವ ಬೆರಳಿಗೆ ಆ ಕೆಲಸ ಸುಲಭ. ಚಿಕ್ಕ ಪಾತ್ರೆಯ ಹೆಸರುಬೇಳೆ ಪಕ್ಕದಲ್ಲಿತ್ತು.

ಸೀತಾರಾಮಪ್ಪನ ತಟ್ಟೆಗೆ ಮುದ್ದೆ ಇಟ್ಟು ಅವಳು ಚಿಕ್ಕ ಪಾತ್ರೆಯ ಕಡೆ ಕೈ ಚಾಚಿದಳು.

"ಅದಲ್ಲ," ಅಂದ ಅವನು. "ಆ ಕಡೇದು."

ಅವಳು ಬಡಿಸಿದಳು. ಅವನು ಮುದ್ದೆ ಮುರಿದು, ಸಾರಿನಲ್ಲಿ ಹೊರಳಿಸಿ ನುಂಗಿದ. ಎರಡನೇ ಸಲ ಹಾಕಿಸಿಕೊಂಡ.

"ಉಪ್ಪು ಸಾಲ್ದು," ಅಂದ.

"ಹತ್ತು ವರ್ಷ ಆಯ್ತಲ್ಲಪ್ಪಾ, ಕೈ ಮರ್ತದೆ," ಅಂದಳು ರಾಮಕ್ಕ.

ಸಂಜೆ ಬೆಳಕು ಇರುವಾಗಲೇ ಪದ್ಮಾವತಮ್ಮ ಟೇಪು ತೆಗೆದಳು. ಕೇಶವ ಬಾಗಿಲ ಬಳಿ ಕಾಲು ಚಾಚಿ ಕೂತ. ಎಡಗಾಲು ಹದಿಮೂರೂವರೆ, ಬಲಗಾಲು ಹದಿಮೂರೂವರೆ. ಸರಿಯಾಗಿ ಹಿಡಿದಿಲ್ಲವೇನೋ ಎಂದು ಮತ್ತೊಮ್ಮೆ ಸುತ್ತಿ ನೋಡಿದಳು. ಅಷ್ಟೇ ಇತ್ತು.

"ಡಾಕ್ಟ್ರನ್ನ ಕೇಳದೆ ಓಡ್ಬ್ಯಾಡ," ಅಂದ ಸೀತಾರಾಮಪ್ಪ, ಪೇಪರಿನ ಹಿಂದಿನಿಂದ.

"ಸರಿ ಅಪ್ಪ."

ಅವಳು ಟೇಪನ್ನು ಸುತ್ತಿ ಕೊರಳಿಗೆ ಹಾಕಿಕೊಳ್ಳುವುದರಲ್ಲಿದ್ದಳು. ಸೀತಾರಾಮಪ್ಪ ಪೇಪರು ಮಡಿಸಿ ಪೆಟ್ಟಿಗೆಯ ಮೇಲಿಟ್ಟ. ಎರಡು ಕೈಯಲ್ಲಿ ತನ್ನ ಬಲಗಾಲನ್ನು ಎತ್ತಿ ಅದರ ಪಕ್ಕಕ್ಕೆ ಇಟ್ಟ. ಲುಂಗಿಯನ್ನು ಮಂಡಿಯ ಮೇಲಕ್ಕೆ ಸರಿಸಿದ.

"ಇದನ್ನೂ ನೋಡು," ಅಂದ.

ಮಗ್ಗದ ಸದ್ದು ನಿಂತಿತು. ಪದ್ಮಾವತಮ್ಮ ಮಂಡಿಯೂರಿ ಕೂತು, ಟೇಪನ್ನು ಕಾಲಿನ ಕೆಳಗೆ ತೂರಿಸಿ, ಮೇಲೆ ತಂದು ಸೇರಿಸಿದಳು. ಎಲ್ಲರಿಗೂ ಕೇಳುವಂತೆ ಓದಿದಳು.

ಹದಿನಾರೂಮುಕ್ಕಾಲು ಇಂಚು.